ಸ್ವರಲಿಪಿಯ ಓದು: ಬರೆದುದು ಮತ್ತು ಬರೆಯದೆ ಬಿಟ್ಟುದು

ಹರಿದಾಸರ ಪದಗಳ ಹಸ್ತಪ್ರತಿಗಳಲ್ಲಿ ಪದದ ತಲೆಯಲ್ಲಿ ರಾಗ ತಾಳಗಳ ಹೆಸರು ಕಾಣಬರುವುದುಂಟು. ಆ ಪದವನ್ನು ಹಾಡುತ್ತಿದ್ದ ಧಾಟಿ ಮಾತ್ರ ಅಲ್ಲಿ ದೊರೆಯುವುದಿಲ್ಲ. ವಾಗ್ಗೇಯಕಾರನ ಕೃತಿಗೆ ಮಾತು ಮತ್ತು ಧಾತು ಎಂಬ ಎರಡು ಅಂಗಗಳಿವೆಯೆಂದು ಲಾಕ್ಷಣಿಕರು ಹೇಳಿದ್ದಾರೆ. ಮಾತೆಂದರೆ ಸಾಹಿತ್ಯ, ಧಾತುವೆಂದರೆ ಅದನ್ನು ಹೊತ್ತ ಸ್ವರರಚನೆ. ಮೊದಲನೆಯದು ತಾಳೆಗರಿಯ ಮೇಲೆ ಉಳಿಯಿತು. ಎರಡನೆಯದು ಕಂಠದಿಂದ ಕಂಠಕ್ಕೆ ಸಾಗುವಾಗ ಬಹುಮಟ್ಟಿಗೆ ಬದಲಾಯಿತು, ಎಷ್ಟೋ ಕಡೆ ಪೂರ್ತಿಯಾಗಿ ಕಳೆದುಹೋಯಿತು. ಇಂದಿನ ಕಛೇರಿಗಳಲ್ಲಿ ಕೇಳಿಬರುವ ಅನೇಕ ದೇವರನಾಮಗಳ ವರ್ಣಮೆಟ್ಟುಗಳು ಈಚಿನ ಕಾಲದ ಗಾಯಕರು ಕೂಡಿಸಿದವು. ಹಸ್ತಪ್ರತಿ ಸೂಚಿಸುವ ರಾಗವೇ ಬೇರೆ, ಹಾಡುವ ರಾಗವೇ ಬೇರೆಯಾಗಿರುವುದೂ ಅಪರೂಪವಲ್ಲ.

ಸ್ವರಲಿಪಿಯ ಪ್ರಶ್ನೆ ಕನ್ನಡಕ್ಕೆ ಎಷ್ಟು ಹತ್ತಿರದ್ದೆಂಬುದು ಇದರಿಂದ ತಿಳಿಯುತ್ತದೆ. ಸ್ವರಪ್ರಸ್ತಾರವೆಂದೂ ಕರೆಯಲಾಗುವ ಈ ಬರಹವನ್ನು ಹಾಡಿನ ಚಿತ್ರವೆಂದು ಭಾವಿಸುವವರುಂಟು. ಅದು ಬರಿಯ ನೆನಪಿನ ಕಡ್ಡಿ, ಗುರುಮುಖವಿಲ್ಲದೆ ನಿಷ್ಪ್ರಯೋಜಕವೆಂದು ತಳ್ಳಿಹಾಕುವವರೂ ಉಂಟು. ಎರಡೂ ಅತಿಯ ಮಾತುಗಳೇ. ಸ್ವರಲಿಪಿ ಕೆಲವನ್ನು ಅತ್ಯಂತ ಖಚಿತವಾಗಿ ಹೇಳುತ್ತದೆ, ಕೆಲವನ್ನು ಓದುಗನಿಗೆ ಗೊತ್ತಿದೆಯೆಂದೇ ಭಾವಿಸಿ ಬಿಟ್ಟುಬಿಡುತ್ತದೆ. ಯಾವುದು ಯಾವುದೆಂದು ಬೇರ್ಪಡಿಸಿಕೊಳ್ಳುವುದರಲ್ಲಿಯೇ ಅದನ್ನು ಓದುವ ವಿದ್ಯೆ ಅಡಗಿದೆ.

ಖಚಿತವಾಗಿ ಹೇಳುವುದು ಕಾಲವನ್ನು. ಕನ್ನಡ ಲಿಪಿ ಈ ಕೆಲಸಕ್ಕೆ ಹುಟ್ಟಿನಿಂದಲೇ ಒದಗಿಬಂದಂತಿದೆ. ಹ್ರಸ್ವಾಕ್ಷರ ಒಂದು ಮಾತ್ರೆ, ದೀರ್ಘಾಕ್ಷರ ಎರಡು ಮಾತ್ರೆ ಎಂಬ ಛಂದಸ್ಸಿನ ಲೆಕ್ಕವೇ ಇಲ್ಲಿಯೂ ನಡೆಯುತ್ತದೆ: ಸ, ರಿ, ಗ, ಮ, ಪ, ದ, ನಿ ಎಂದು ಬರೆದರೆ ಒಂದೊಂದು ಎಣಿಕೆ; ಸಾ, ರೀ, ಗಾ, ಮಾ, ಪಾ, ದಾ, ನೀ ಎಂದರೆ ಎರಡೆರಡು. ಅದಕ್ಕೂ ಮೀರಿ ಸ್ವರವನ್ನು ಎಳೆಯಬೇಕಾದಾಗ ಅಲ್ಪವಿರಾಮದ ಚಿಹ್ನೆ ಒಂದು ಎಣಿಕೆಯನ್ನೂ ಅರ್ಧವಿರಾಮದ ಚಿಹ್ನೆ ಎರಡು ಎಣಿಕೆಗಳನ್ನೂ ಸೂಚಿಸುತ್ತವೆ. ಸಾಲಿನ ಮೊದಲಿಗೇ ಇಂತಹ ಚಿಹ್ನೆ ಬಂದರೆ ತಾಳ ಆರಂಭವಾದ ಮೇಲೆ ಅಷ್ಟು ಹೊತ್ತು ಬಿಟ್ಟು ಹಾಡನ್ನು ಎತ್ತಿಕೊಳ್ಳಬೇಕೆಂದು ತಿಳಿಯಬೇಕು. ಸ್ವರಗಳ ಮೇಲೆ ಅಡ್ಡಗೆರೆಯೊಂದಿದ್ದರೆ ಅವುಗಳ ವೇಗ ಇಮ್ಮಡಿ; ಎರಡು ಗೆರೆಗಳಿದ್ದರೆ ನಾಲ್ಮಡಿ. ಕೆಲವು ಮುದ್ರಣಗಳಲ್ಲಿ ಈ ಗೆರೆ ಸ್ವರದ ಕೆಳಗೆ ಬರುತ್ತದೆ. ಸ್ವರದ ಮೇಲಿನ ಚುಕ್ಕೆ ತಾರಸ್ಥಾಯಿಯನ್ನು, ಕೆಳಗಿನ ಚುಕ್ಕೆ ಮಂದ್ರಸ್ಥಾಯಿಯನ್ನು ಹೇಳುತ್ತದೆ, ಚುಕ್ಕೆಯಿಲ್ಲದಿದ್ದರೆ ಮಧ್ಯಸ್ಥಾಯಿ. ಒಂಟಿ ದಂಡ ತಾಳದ ಅಂಗ ಮುಗಿದುದನ್ನು, ಜೋಡಿ ದಂಡ ಆವರ್ತ ಮುಗಿದುದನ್ನು ತೋರಿಸುತ್ತದೆ.

ಇಲ್ಲಿ ಪಾರಿಭಾಷಿಕ ಪದವೊಂದು ಹೊಸಬರನ್ನು ಎಡವಿಸುವುದುಂಟು. ಛಂದಸ್ಸಿನ ಲಘುವಿಗೆ ಒಂದು ಮಾತ್ರೆ. ತಾಳದ ಲಘುವಾದರೋ ಜಾತಿಯನ್ನು ಅನುಸರಿಸಿ ಮೂರು, ನಾಲ್ಕು, ಐದು, ಏಳು ಅಥವಾ ಒಂಬತ್ತು ಅಕ್ಷರಗಳದ್ದಾಗಿರಬಹುದು. ಏಳು ಸುಳಾದಿ ತಾಳಗಳನ್ನು ಈ ಐದು ಜಾತಿಗಳಿಂದ ಗುಣಿಸಿದಾಗ 35 ತಾಳಗಳಾಗುತ್ತವೆ. ಆದಿತಾಳವೆಂದು ಎಲ್ಲರೂ ಕರೆಯುವುದು ಇವುಗಳಲ್ಲಿ ಚತುರಶ್ರಜಾತಿ ತ್ರಿಪುಟ. ನಾಲ್ಕಕ್ಷರದ ಒಂದು ಲಘು, ಎರಡೆರಡು ಅಕ್ಷರಗಳ ಎರಡು ದ್ರುತ, ಒಟ್ಟು ಎಂಟು ಅಕ್ಷರ. ಕೈಯಲ್ಲಿ ಒಂದು ಪೆಟ್ಟು, ಮೂರು ಬೆರಳೆಣಿಕೆ. ಬಳಿಕ ಪೆಟ್ಟು, ಹುಸಿ. ಮತ್ತೆ ಪೆಟ್ಟು, ಹುಸಿ. ಪುಟದ ಮೇಲಿನ ದಂಡಗಳು ಕೈಯ ಈ ಚಲನೆಯ ನೆರಳುಗಳು.

ಪುರಂದರದಾಸರು ರೂಪಿಸಿದರೆಂದು ಪರಂಪರೆ ಹೇಳುವ ಅಭ್ಯಾಸಕ್ರಮವನ್ನು ಹಾಡುವ ಪಾಠವೆಂದಷ್ಟೇ ನೋಡುವುದು ರೂಢಿ. ಓದುವ ಪಾಠವೆಂದು ನೋಡಿದಾಗ ಅದರ ಜಾಣ್ಮೆ ಇನ್ನಷ್ಟು ಸ್ಪಷ್ಟವಾಗುತ್ತದೆ. ಸರಳೆವರಸೆಯ ಮೊದಲ ಸಾಲಿನಲ್ಲಿ ಎಂಟು ಸ್ವರಗಳು ಆದಿತಾಳದ ಎಂಟು ಅಕ್ಷರಗಳ ಮೇಲೆ ಒಂದಕ್ಕೊಂದು ಹೊಂದಿ ಕೂರುತ್ತವೆ: ಸ ರಿ ಗ ಮ ಎಂಬುದು ಲಘುವಿಗೆ, ಪ ದ ಎಂಬುದು ಮೊದಲ ದ್ರುತಕ್ಕೆ, ನಿ ಮತ್ತು ತಾರಷಡ್ಜ ಎರಡನೆಯ ದ್ರುತಕ್ಕೆ. ಅದನ್ನೇ ಎರಡನೆಯ ಕಾಲದಲ್ಲಿ ಹಾಡಿದಾಗ ಒಂದು ಆವರ್ತದಲ್ಲಿ 16 ಸ್ವರ, ಮೂರನೆಯ ಕಾಲದಲ್ಲಿ 32. ವಿದ್ಯಾರ್ಥಿ ಅಕ್ಷರಮಾಲೆ, ತಾಳದ ಅಂಗ, ವೇಗದ ಗುಣಾಕಾರ ಈ ಮೂರನ್ನೂ ಏಕಕಾಲಕ್ಕೆ ಕಲಿತಿರುತ್ತಾನೆ. ಜಂಟಿವರಸೆಯಲ್ಲಿ ಒಂದೇ ಅಕ್ಷರ ಎರಡು ಸಲ ಬಂದಾಗ ಎರಡನೆಯದಕ್ಕೆ ಒತ್ತು ಬೀಳುತ್ತದೆ. ಆ ಒತ್ತು ಪುಟದ ಮೇಲೆ ಇರುವುದಿಲ್ಲ, ಗುರು ಹಾಡಿ ತೋರಿಸಬೇಕು. ಬರಹಕ್ಕೂ ನಾದಕ್ಕೂ ನಡುವಿನ ಮೊದಲ ಅಂತರವನ್ನು ಮಗು ಇಲ್ಲಿಯೇ ಎದುರಿಸುತ್ತದೆ. ಅಲಂಕಾರಗಳಲ್ಲಿ ಏಳು ತಾಳಗಳ ಪರಿಚಯವಾಗುತ್ತದೆ.

ಈ ಅಭ್ಯಾಸಕ್ಕೆ ಮಾಯಾಮಾಳವಗೌಳವೇ ಏಕೆ ಎಂಬ ಪ್ರಶ್ನೆಗೆ ವೀಣೆಯ ಮೆಟ್ಟಿಲುಗಳು ಉತ್ತರ ಕೊಡುತ್ತವೆ. ತೆರೆದ ತಂತಿಯನ್ನು ಷಡ್ಜವೆಂದು ಹಿಡಿದರೆ ಈ ಮೇಳದ ಸ್ವರಗಳು 1, 4, 5, 7, 8, 11, 12ನೆಯ ಮೆಟ್ಟಿಲುಗಳಲ್ಲಿ ಬರುತ್ತವೆ. ಷಡ್ಜದಿಂದ ಮಧ್ಯಮದವರೆಗಿನ ನಡೆ ಹೇಗೋ ಪಂಚಮದಿಂದ ತಾರಷಡ್ಜದವರೆಗಿನ ನಡೆಯೂ ಹಾಗೆಯೇ: ಒಂದು ಮೆಟ್ಟಿಲು, ಮೂರು ಮೆಟ್ಟಿಲು, ಒಂದು ಮೆಟ್ಟಿಲು. ಪೂರ್ವಾಂಗವನ್ನು ಕಲಿತವನಿಗೆ ಉತ್ತರಾಂಗ ಅದರ ಪುನರಾವರ್ತನೆಯಾಗಿ ಒದಗುತ್ತದೆ. ಹತ್ತಿರದ ಸ್ವರ, ದೂರದ ಸ್ವರ ಎರಡರ ಅಳತೆಯೂ ಕಿವಿಗೆ ಸಿಕ್ಕುತ್ತದೆ.

ಬರೆಯದೆ ಬಿಟ್ಟುದರ ವಿಚಾರ ಇಲ್ಲಿಂದ ಮೊದಲಾಗುತ್ತದೆ. ಸ್ಥಾಯಿಯೊಂದರಲ್ಲಿ ಸ್ವರಸ್ಥಾನಗಳು ಹನ್ನೆರಡು. ಅವುಗಳಿಗಿರುವ ಹೆಸರುಗಳು ಹದಿನಾರು. ಸ್ವರಲಿಪಿಯ ಅಕ್ಷರಗಳಾದರೋ ಏಳೇ. ಷಡ್ಜ ಪಂಚಮಗಳಿಗೆ ಒಂದೊಂದೇ ಸ್ಥಾನ, ಮಧ್ಯಮಕ್ಕೆ ಎರಡು. ಋಷಭ, ಗಾಂಧಾರ, ಧೈವತ, ನಿಷಾದಗಳಿಗೆ ಮೂರು ಮೂರು ಹೆಸರುಗಳಿದ್ದು ಅವುಗಳಲ್ಲಿ ನಾಲ್ಕು ಸ್ಥಾನಗಳಿಗೆ ಎರಡೆರಡು ಹೆಸರು: ಚತುಶ್ಶ್ರುತಿ ಋಷಭವೂ ಶುದ್ಧ ಗಾಂಧಾರವೂ ಒಂದೇ ಸ್ಥಾನ, ಷಟ್‌ಶ್ರುತಿ ಋಷಭ ಸಾಧಾರಣ ಗಾಂಧಾರಗಳೂ ಹಾಗೆಯೇ, ಉತ್ತರಾಂಗದಲ್ಲಿ ಇದೇ ಬಗೆಯ ಮತ್ತೆರಡು ಜೋಡಿಗಳಿವೆ. ಪುಟದ ಮೇಲೆ ಬರಿಯ ‘ಗ’ ಕಂಡರೆ ಅದು ಮೂರರಲ್ಲಿ ಯಾವುದೆಂದು ಆ ಅಕ್ಷರ ಹೇಳುವುದಿಲ್ಲ. ಹೇಳುವುದು ಪುಟದ ತಲೆಯಲ್ಲಿರುವ ರಾಗದ ಹೆಸರು.

ಆದ್ದರಿಂದಲೇ ಮೇಳದ ಲೆಕ್ಕ ಸ್ವರಲಿಪಿಯ ಓದಿಗೆ ಅನಿವಾರ್ಯವಾದ ಕೀಲಿಕೈ. ತಂಜಾವೂರಿನ ನಾಯಕರ ಮಂತ್ರಿಯಾಗಿದ್ದ, ಕನ್ನಡ ಮೂಲದ ಗೋವಿಂದ ದೀಕ್ಷಿತರ ಮಗ ವೆಂಕಟಮಖಿ 17ನೆಯ ಶತಮಾನದಲ್ಲಿ ‘ಚತುರ್ದಂಡೀ ಪ್ರಕಾಶಿಕೆ’ಯಲ್ಲಿ 72 ಮೇಳಗಳ ಪ್ರಸ್ತಾರವನ್ನು ಕೊಟ್ಟನು. ಋಷಭ ಗಾಂಧಾರಗಳ ಜೋಡಿಗಳು ಆರು, ಧೈವತ ನಿಷಾದಗಳ ಜೋಡಿಗಳು ಆರು, ಮಧ್ಯಮಗಳು ಎರಡು, ಗುಣಿಸಿದರೆ 72. ಮೇಳಗಳ ಹೆಸರುಗಳ ಮೊದಲೆರಡು ಅಕ್ಷರಗಳಲ್ಲಿ ಸಂಖ್ಯೆಯನ್ನು ಅಡಗಿಸುವ ಕಟಪಯಾದಿ ಕ್ರಮ ಅನಂತರದ ಪಟ್ಟಿಗಳಲ್ಲಿ ನೆಲೆಗೊಂಡಿತು. ಮಾಯಾಮಾಳವಗೌಳದಲ್ಲಿ ‘ಮಾ’ ಎಂದರೆ ಪವರ್ಗದ ಐದನೆಯದು, 5. ‘ಯಾ’ ಎಂದರೆ ಯವರ್ಗದ ಮೊದಲನೆಯದು, 1. ತಿರುಗಿಸಿ ಓದಿದರೆ 15. ಹದಿನೈದು 36ಕ್ಕಿಂತ ಕಡಿಮೆಯಾದುದರಿಂದ ಮಧ್ಯಮ ಶುದ್ಧ. ಆರಾರು ಮೇಳಗಳ ಚಕ್ರಗಳಲ್ಲಿ ಅದು ಮೂರನೆಯ ಚಕ್ರಕ್ಕೆ ಸೇರುತ್ತದೆ. ಹಾಗಾಗಿ ಶುದ್ಧ ಋಷಭ, ಅಂತರ ಗಾಂಧಾರ. ಚಕ್ರದೊಳಗೆ ಅದರ ಸ್ಥಾನ ಮೂರು. ಹಾಗಾಗಿ ಶುದ್ಧ ಧೈವತ, ಕಾಕಲಿ ನಿಷಾದ. ಧೀರಶಂಕರಾಭರಣಕ್ಕೆ ಇದೇ ಕ್ರಮ ಅನ್ವಯಿಸಿದರೆ 29 ಬರುತ್ತದೆ. ಐದನೆಯ ಚಕ್ರ, ಐದನೆಯ ಸ್ಥಾನ. ಚತುಶ್ಶ್ರುತಿ ಋಷಭ, ಅಂತರ ಗಾಂಧಾರ, ಚತುಶ್ಶ್ರುತಿ ಧೈವತ, ಕಾಕಲಿ ನಿಷಾದ. ಜೂನಿಯರ್ ದರ್ಜೆಯ ಪರೀಕ್ಷೆಗೆ ಕುಳಿತ ವಿದ್ಯಾರ್ಥಿಗೆ ಇದು ಬಾಯಿಪಾಠದ ವಿಷಯ. ಆದರೆ ಪುಟವನ್ನು ಓದುವುದಕ್ಕೂ ಈ ಲೆಕ್ಕಕ್ಕೂ ಇರುವ ಸಂಬಂಧವನ್ನು ಪಠ್ಯಗಳು ಸಾಕಷ್ಟು ಬಿಡಿಸಿ ಹೇಳುವುದಿಲ್ಲವೆಂಬುದು ಕೊರತೆಯೇ ಸರಿ.

ಪಿಳ್ಳಾರಿ ಗೀತೆಗಳ ರಾಗವಾದ ಮಲಹರಿಯನ್ನು ತೆಗೆದುಕೊಂಡರೆ ಈ ಸಂಬಂಧ ಸ್ಪಷ್ಟವಾಗುತ್ತದೆ. ರೂಪಕತಾಳದಲ್ಲಿ ‘ದ ಪ | ಮಾ ಗ ರಿ ||’ ಎಂಬ ಒಂದು ಸಾಲನ್ನು ಕಲ್ಪಿಸಿಕೊಳ್ಳಬಹುದು. ದ್ರುತಕ್ಕೆ ಎರಡು ಎಣಿಕೆ. ಲಘುವಿಗೆ ‘ಮಾ’ ಎರಡು, ‘ಗ’ ಮತ್ತು ‘ರಿ’ ಒಂದೊಂದು, ಸೇರಿ ನಾಲ್ಕು. ಇಷ್ಟನ್ನು ಪುಟವೇ ಹೇಳಿತು. ದ ಮತ್ತು ರಿ ಶುದ್ಧ, ಗ ಅಂತರವೆಂಬುದನ್ನು ಮಲಹರಿ ಹದಿನೈದನೆಯ ಮೇಳದ ಜನ್ಯವೆಂಬ ಅರಿವು ಹೇಳಿತು. ಏರುವಾಗ ಗಾಂಧಾರವಿಲ್ಲ, ಇಳಿಯುವಾಗ ಮಾತ್ರ ಉಂಟು, ನಿಷಾದ ಎಲ್ಲಿಯೂ ಇಲ್ಲ ಎಂಬುದು ರಾಗದ ಆರೋಹಣಾವರೋಹಣದಿಂದ ತಿಳಿಯಬೇಕು. ಗೀತೆಯ ಮುದ್ರಣದಲ್ಲಿ ‘ನಿ’ ಕಂಡುಬಂದರೆ ಅದು ಅಚ್ಚಿನ ತಪ್ಪೆಂದು ಓದುಗ ಕೂಡಲೆ ಗುರುತಿಸಬಲ್ಲ.

ಎಲ್ಲ ರಾಗಗಳೂ ಇಷ್ಟು ಸುಲಭವಾಗಿ ಲೆಕ್ಕಕ್ಕೆ ಒಗ್ಗುವುದಿಲ್ಲ. ಭೈರವಿಯಲ್ಲಿ ಧೈವತಗಳು ಎರಡು. ಪಂಚಮದಿಂದ ನಿಷಾದದ ಮೂಲಕ ಷಡ್ಜಕ್ಕೆ ಏರುವ ಸಂಚಾರದಲ್ಲಿ ಚತುಶ್ಶ್ರುತಿ ಧೈವತ, ಇಳಿಯುವ ಸಂಚಾರದಲ್ಲಿ ಶುದ್ಧ ಧೈವತ. ಅನೇಕ ಪುಸ್ತಕಗಳಲ್ಲಿ ಎರಡಕ್ಕೂ ಒಂದೇ ‘ದ’. ಓದುಗ ಮುಂದಿನ ಸ್ವರಗಳನ್ನು ನೋಡಿ, ಸಂಚಾರದ ದಿಕ್ಕನ್ನು ಅರಿತು, ಯಾವ ಧೈವತವೆಂದು ನಿರ್ಧರಿಸಬೇಕು. ಅಕ್ಷರವೊಂದನ್ನೇ ನೋಡುವವನಿಗೆ ಭೈರವಿ ಓದಲು ಬಾರದು. ತೋಡಿಯ ಗಾಂಧಾರದ ಸಮಸ್ಯೆ ಇದಕ್ಕಿಂತ ಸೂಕ್ಷ್ಮವಾದುದು. ಮೇಳದ ಲೆಕ್ಕದಲ್ಲಿ ಅದು ಸಾಧಾರಣ ಗಾಂಧಾರ. ಹಾರ್ಮೋನಿಯಮ್ಮಿನ ಮನೆಯೊಂದನ್ನು ಒತ್ತಿ ಅದೇ ತೋಡಿಯ ಗಾಂಧಾರವೆಂದರೆ ಕಿವಿ ಒಪ್ಪುವುದಿಲ್ಲ. ಅದು ನಿಂತ ನೆಲೆಯಲ್ಲ, ಕೆಳಗಿನ ಮೇಲಿನ ಸ್ವರಗಳತ್ತ ತೂಗುವ ಚಲನೆ. ಪುಟದಲ್ಲಿರುವುದು ‘ಗಾ’ ಎಂಬ ಒಂದಕ್ಷರ. ಎರಡೆಣಿಕೆಯ ಆ ಅವಧಿಯಲ್ಲಿ ಎಷ್ಟು ತೂಗಬೇಕು, ಎಲ್ಲಿಂದ ತೂಗಬೇಕು ಎಂಬುದು ಪಾಠಾಂತರದಿಂದ ಬರತಕ್ಕದ್ದು.

ಗಮಕವನ್ನೂ ಬರೆಯಲು ಸಾಧ್ಯವೇ ಎಂಬ ಯತ್ನ ಹಳೆಯದು. ಸೋಮನಾಥನು 1609ರ ‘ರಾಗವಿಬೋಧ’ದಲ್ಲಿ ವೀಣಾವಾದನದ ಪ್ರಭೇದಗಳಿಗೆ ಚಿಹ್ನೆಗಳನ್ನು ಬಳಸಿದ್ದಾನೆ. ಆಧುನಿಕ ಕಾಲದಲ್ಲಿ ಈ ಯತ್ನ ಶಿಖರಕ್ಕೇರಿದುದು ಸುಬ್ಬರಾಮ ದೀಕ್ಷಿತರ (1839–1906) ‘ಸಂಗೀತ ಸಂಪ್ರದಾಯ ಪ್ರದರ್ಶಿನಿ’ಯಲ್ಲಿ. ಎಟ್ಟಯಾಪುರದಿಂದ 1904ರಲ್ಲಿ ತೆಲುಗು ಲಿಪಿಯಲ್ಲಿ ಪ್ರಕಟವಾದ ಈ ಬೃಹದ್ಗ್ರಂಥದಲ್ಲಿ ಮುತ್ತುಸ್ವಾಮಿ ದೀಕ್ಷಿತರ 229 ಕೃತಿಗಳು ಸ್ವರಸಹಿತವಾಗಿವೆ. ಕಂಪಿತಕ್ಕೆ ಅಲೆಯಂತಹ ಗೆರೆ, ಏರುವ ಜಾರಿಗೆ ಒಂದು ಓರೆಗೆರೆ, ಇಳಿಯುವ ಜಾರಿಗೆ ಅದರ ಪ್ರತಿಬಿಂಬ, ಸ್ಫುರಿತಕ್ಕೆ ಮೂರು ಚುಕ್ಕೆ, ಹೀಗೆ ಗಮಕಗಳಿಗೆ ಬೇರೆ ಬೇರೆ ಸಂಕೇತಗಳಿವೆ. ದೀಕ್ಷಿತರನ್ನು ಈ ಕಾರ್ಯಕ್ಕೆ ಪ್ರೇರಿಸಿದವರಲ್ಲಿ ಮುಖ್ಯರಾದ ಎ.ಎಂ. ಚಿನ್ನಸ್ವಾಮಿ ಮುದಲಿಯಾರರು ಸ್ವತಃ ಬೇರೆ ದಾರಿ ಹಿಡಿದಿದ್ದರು. 1893ರಲ್ಲಿ ಮದರಾಸಿನಿಂದ ಪ್ರಕಟವಾದ ಅವರ ಗ್ರಂಥ ಕರ್ನಾಟಕ ಸಂಗೀತದ ಕೃತಿಗಳನ್ನು ಪಾಶ್ಚಾತ್ಯರ ಐದು ಗೆರೆಗಳ ಲಿಪಿಗೆ ಇಳಿಸಿತು.

ಎರಡು ದಾರಿಗಳಲ್ಲಿ ಉಳಿದುದು ದೀಕ್ಷಿತರದು. ಅದಕ್ಕೆ ಕಾರಣ ಅಭಿಮಾನವೊಂದೇ ಅಲ್ಲ. ಪಂಚರೇಖಾಲಿಪಿ ಸ್ವರದ ಎತ್ತರವನ್ನು ಕಣ್ಣಿಗೆ ಕಾಣಿಸುತ್ತದೆ, ಅದು ಅದರ ದೊಡ್ಡ ಗುಣ. ಆದರೆ ಅಲ್ಲಿನ ಎತ್ತರ ಗೊತ್ತಾದ ಸ್ಥಿರ ನೆಲೆಯದು. ಕರ್ನಾಟಕ ಸಂಗೀತದ ‘ಸ’ ಹಾಡುವವನ ಆಧಾರಶ್ರುತಿ. ಒಂದು ಮನೆಯ ಶ್ರುತಿಯಲ್ಲಿ ಹಾಡುವ ಗಾಯಕನಿಗೂ ಐದೂವರೆ ಮನೆಯ ಶ್ರುತಿಯಲ್ಲಿ ಹಾಡುವ ಗಾಯಕಿಗೂ ಸ್ವರಲಿಪಿಯ ಅದೇ ಪುಟ ಒಂದಕ್ಷರವೂ ಬದಲಾಗದೆ ಸಲ್ಲುತ್ತದೆ. ಎರಡು ಲಿಪಿಗಳೂ ಒಂದೇ ಊರಿನಲ್ಲಿ ಬಾಳಿದ ನಿದರ್ಶನ ಮೈಸೂರಿನದು. ಅರಮನೆಯಲ್ಲಿ ಕರ್ನಾಟಕ ವಾದ್ಯವೃಂದದೊಡನೆ ಪಾಶ್ಚಾತ್ಯ ವಾದ್ಯವೃಂದವೂ ಇತ್ತು. ಪಿಯಾನೊ ಅಭ್ಯಾಸ ಮಾಡಿದ್ದ, 1948ರಲ್ಲಿ ಲಂಡನ್ನಿನ ಫಿಲ್‌ಹಾರ್ಮೋನಿಯಾ ಕಾನ್ಸರ್ಟ್ ಸೊಸೈಟಿಯ ಮೊದಲ ಅಧ್ಯಕ್ಷರಾದ ಜಯಚಾಮರಾಜ ಒಡೆಯರು ತಮ್ಮ 94 ಕೃತಿಗಳನ್ನು ರಚಿಸಿದುದು ಕರ್ನಾಟಕ ಸಂಗೀತದ ಪ್ರಕಾರದಲ್ಲಿಯೇ.

ಕರ್ನಾಟಕದ ಸಂಶೋಧಕನಿಗೆ ಇನ್ನೊಂದು ತೊಡಕಿದೆ; ನೆರೆಯ ರಾಜ್ಯಗಳವರಿಗೆ ಅದು ಇಷ್ಟಾಗಿ ಕಾಡುವುದಿಲ್ಲ. ರಾಜ್ಯದ ಉತ್ತರಭಾಗ ಹಿಂದುಸ್ತಾನಿ ಸಂಗೀತದ ನೆಲೆ. ಅಲ್ಲಿ ವಿಷ್ಣುನಾರಾಯಣ ಭಾತಖಂಡೆ (1860–1936), ವಿಷ್ಣುದಿಗಂಬರ ಪಲುಸ್ಕರ್ (1872–1931) ಇವರ ಸ್ವರಲಿಪಿಗಳು ಬಳಕೆಗೆ ಬಂದವು. ಭಾತಖಂಡೆಯವರ ಪದ್ಧತಿಯಲ್ಲಿ ಸ್ವರದ ಕೆಳಗಿನ ಅಡ್ಡಗೆರೆ ಕೋಮಲ ಸ್ವರದ ಗುರುತು. ಕರ್ನಾಟಕ ಪದ್ಧತಿಯ ಪುಸ್ತಕದಲ್ಲಿ ಅಂತಹುದೇ ಗೆರೆ ವೇಗದ ಗುರುತು. ಒಂದು ಸ್ವರದ ಎತ್ತರವನ್ನು ತಗ್ಗಿಸುತ್ತದೆ, ಇನ್ನೊಂದು ಕಾಲವನ್ನು ಅರ್ಧಕ್ಕಿಳಿಸುತ್ತದೆ. ಸ್ವರದ ಮೇಲಿನ ಚುಕ್ಕೆ ಭಾತಖಂಡೆಯವರಲ್ಲಿಯೂ ತಾರಸ್ಥಾಯಿಯದೇ. ಪಲುಸ್ಕರರ ಪದ್ಧತಿಯಲ್ಲಿ ಮೇಲಿನ ಚುಕ್ಕೆಯೆಂದರೆ ಮಂದ್ರ, ತಾರಕ್ಕೆ ನಿಲುವುಗೆರೆ. ‘ಶುದ್ಧ’ವೆಂಬ ಪದವೂ ಮೋಸಮಾಡುತ್ತದೆ: ಹಿಂದುಸ್ತಾನಿಯ ಶುದ್ಧ ಋಷಭ ಕರ್ನಾಟಕದ ಚತುಶ್ಶ್ರುತಿ ಋಷಭ, ಕರ್ನಾಟಕದ ಶುದ್ಧ ಋಷಭವೇ ಅಲ್ಲಿ ಕೋಮಲ. ಎರಡೂ ಸಂಪ್ರದಾಯಗಳ ಪುಸ್ತಕಗಳು ಒಂದೇ ಕಪಾಟಿನಲ್ಲಿರುವ ಗ್ರಂಥಾಲಯದಲ್ಲಿ, ಚಿಹ್ನೆಗಳ ವಿವರಣೆಯಿರುವ ಮೊದಲ ಪುಟಗಳು ಹರಿದುಹೋದ ಪ್ರತಿಯೊಂದನ್ನು ಕೈಗೆತ್ತಿಕೊಂಡವನ ಪಾಡನ್ನು ಊಹಿಸಬಹುದು. ಸ್ವರಪುಸ್ತಕಗಳನ್ನು ರಟ್ಟುಕಟ್ಟಿಸುವಾಗಲೂ ಛಾಯಾಪ್ರತಿ ತೆಗೆಸುವಾಗಲೂ ಈ ಪುಟಗಳನ್ನು ಪೀಠಿಕೆಯೆಂದು ಬಿಡದೆ, ಪಠ್ಯದ ಭಾಗವೆಂದೇ ಕಾಯ್ದುಕೊಳ್ಳಬೇಕು.

ಚಿಹ್ನೆಯ ಅರ್ಥ ಕಳೆದುಹೋದರೆ ಏನಾಗುತ್ತದೆಂಬುದಕ್ಕೆ ತಮಿಳುನಾಡಿನ ಪುದುಕೋಟೆ ಜಿಲ್ಲೆಯ ಕುಡುಮಿಯಾಮಲೈ ಶಾಸನಕ್ಕಿಂತ ದೊಡ್ಡ ನಿದರ್ಶನ ಬೇಕಿಲ್ಲ. ಏಳನೆಯ ಶತಮಾನದ್ದೆಂದು ಹೇಳಲಾಗುವ ಈ ಬಂಡೆಶಾಸನದಲ್ಲಿ ಏಳು ಭಾಗಗಳಾಗಿ ಸ್ವರಗಳನ್ನು ನಾಲ್ಕು ನಾಲ್ಕರ ಗುಂಪುಗಳಲ್ಲಿ ಕೆತ್ತಲಾಗಿದೆ. ಸ್ವರಾಕ್ಷರಗಳಿಗೆ ಅ, ಇ, ಉ, ಎ ಎಂಬ ನಾಲ್ಕು ಕಾಗುಣಿತಗಳು ಸೇರಿವೆ. ಅಕ್ಷರಗಳು ಸುಸ್ಪಷ್ಟ, ಆ ನಾಲ್ಕು ಸ್ವರಚಿಹ್ನೆಗಳ ಇಂಗಿತದ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ವೆಂಕಟಮಖಿಯ ಸಂಪ್ರದಾಯದಲ್ಲಿಯೂ ರ, ರಿ, ರು ಎಂದು ಕಾಗುಣಿತ ಬದಲಾಗುತ್ತದೆ. ಅಲ್ಲಿ ಅದು ಶುದ್ಧ, ಚತುಶ್ಶ್ರುತಿ, ಷಟ್‌ಶ್ರುತಿ ಎಂಬ ಸ್ಥಾನಭೇದವೆಂದು ಖಚಿತವಾಗಿ ತಿಳಿದಿದೆ, ಏಕೆಂದರೆ ಹಾಗೆಂದು ಬರೆದಿಟ್ಟಿದ್ದಾರೆ. ಇಂದಿನ ಕನ್ನಡ ಸ್ವರಲಿಪಿಯಲ್ಲಿ ಅದೇ ಕಾಗುಣಿತದ ಹ್ರಸ್ವದೀರ್ಘ ಸ್ಥಾನವನ್ನಲ್ಲ, ಕಾಲವನ್ನು ಹೇಳುತ್ತದೆ.

ಈ ಎಲ್ಲ ಎಚ್ಚರಿಕೆಗಳೊಡನೆ ಮೊದಲಿನ ವಿಚಾರಕ್ಕೆ ಮರಳಬಹುದು. ಹರಿದಾಸರ ಧಾತು ಪೂರ್ತಿಯಾಗಿ ಅಳಿದಿಲ್ಲ. ತಂಜಾವೂರಿನ ಸರಸ್ವತೀ ಮಹಲ್ ಗ್ರಂಥಾಲಯದ ಹಸ್ತಪ್ರತಿಗಳಲ್ಲಿ ಕನ್ನಡ ಸುಳಾದಿಗಳ ಸ್ವರಪ್ರಸ್ತಾರಗಳು ಉಳಿದುಬಂದಿವೆ. ‘ಸಂಗೀತ ಸಂಪ್ರದಾಯ ಪ್ರದರ್ಶಿನಿ’ಯಲ್ಲಿಯೂ ಪುರಂದರದಾಸರ ಹೆಸರಿನ ಸುಳಾದಿಗಳಿವೆ. ಕನ್ನಡದ ಮಾತಿಗೆ ಹಳೆಯ ಧಾತು ಅಂಟಿಕೊಂಡೇ ಉಳಿದಿರುವ ವಿರಳ ನೆಲೆಗಳಿವು. ಹಸ್ತಪ್ರತಿಗಳಲ್ಲಿ ಕಾಲಸೂಚನೆ ಇಂದಿನ ಮುದ್ರಣದಷ್ಟು ವಿವರವಾದುದಲ್ಲ. ದಂಡಗಳನ್ನು ಓದುಗನೇ ತಾಳಕ್ಕೆ ಹೊಂದಿಸಿ ಇಡಬೇಕಾಗುತ್ತದೆ. ಸಾಹಿತ್ಯದ ಪದವಿಭಾಗ ಇಲ್ಲಿ ನೆರವಿಗೆ ಬರುತ್ತದೆ. ಕನ್ನಡ ಬಲ್ಲವನಿಗೆ ಪದವೆಲ್ಲಿ ಒಡೆಯುತ್ತದೆ, ಎಲ್ಲಿ ಎಳೆಯಲು ಸಾಧ್ಯ ಎಂಬುದು ತಿಳಿದಿರುವುದರಿಂದ ಆವರ್ತದ ಗಡಿಯನ್ನು ಊಹಿಸುವಲ್ಲಿ ಅವನ ಹೆಜ್ಜೆ ಹೆಚ್ಚು ಭದ್ರ.

ಅಂತಹ ಓದುಗ ಮೇಳದ ಹೆಸರುಗಳ ವಿಷಯದಲ್ಲಿಯೂ ಜಾಗರೂಕನಾಗಿರಬೇಕಾಗುತ್ತದೆ. ‘ಪ್ರದರ್ಶಿನಿ’ ಅನುಸರಿಸುವ ಪಟ್ಟಿ ಇಂದು ಪಾಠಶಾಲೆಗಳಲ್ಲಿ ಕಲಿಸುವ ಪಟ್ಟಿಯಲ್ಲ. ಇಂದು ಖರಹರಪ್ರಿಯವೆನ್ನುವ 22ನೆಯ ಸ್ಥಾನದಲ್ಲಿ ಅಲ್ಲಿ ಶ್ರೀರಾಗವಿದೆ. ಮೇಚಕಲ್ಯಾಣಿಯ 65ರಲ್ಲಿ ಶಾಂತಕಲ್ಯಾಣಿಯಿದೆ. ಶಾಂತಕಲ್ಯಾಣಿಯ ಮೊದಲೆರಡು ಅಕ್ಷರಗಳನ್ನು ಕಟಪಯಾದಿಯಿಂದ ಬಿಡಿಸಿದರೆ ಸಂಯುಕ್ತಾಕ್ಷರದಲ್ಲಿ ಕೊನೆಯ ವ್ಯಂಜನವನ್ನು ಎಣಿಸಿ 65 ದೊರೆಯುತ್ತದೆ. ಶ್ರೀರಾಗಕ್ಕೂ ಅದೇ ನಿಯಮ: ‘ಶ್ರೀ’ಯಲ್ಲಿ ರಕಾರ 2, ‘ರಾ’ ಮತ್ತೆ 2.